ಸ್ಕೋರು ಎಲ್ಲರದ್ದು, ದನಿ ಮಾತ್ರ ಲೀಗಿನದ್ದು: ಬ್ಯಾಸ್ಕೆಟ್‌ಬಾಲ್ ಕೇಳುವವರ ಕತೆ

ಬೆಂಗಳೂರಿನಲ್ಲಿ ಹಾಲಿನ ಪ್ಯಾಕೆಟ್ ಬಾಗಿಲಿಗೆ ಬರುವ ಹೊತ್ತಿಗೆ ನ್ಯೂಯಾರ್ಕಿನಲ್ಲಿ ಪಂದ್ಯ ಶುರುವಾಗುತ್ತದೆ. ಚಳಿಗಾಲದಲ್ಲಿ ಅಲ್ಲಿನ ರಾತ್ರಿ 7.30 ಅಂದರೆ ನಮಗೆ ಮರುದಿನ ಬೆಳಗ್ಗೆ 6 ಗಂಟೆ. ಲಾಸ್ ಏಂಜಲಿಸ್‌ನಲ್ಲಿ 7.30ಕ್ಕೆ ಶುರುವಾದದ್ದು ನಮಗೆ 9ಕ್ಕೆ, ಸರಿಯಾಗಿ ಆಫೀಸಿಗೆ ಹೋಗುವ ಬಸ್ಸಿನಲ್ಲಿ ಜೋತುಬಿದ್ದಿರುವಾಗ. ಒಂದು ಕೈ ಕಂಬಿ ಮೇಲೆ, ಇನ್ನೊಂದರಲ್ಲಿ ಬ್ಯಾಗು. ಫೋನ್ ಹಿಡಿದು ನೋಡೋಕೆ ಮೂರನೇ ಕೈ ಬೇಕು. ಕಿವಿ ಮಾತ್ರ ಖಾಲಿ ಇರುತ್ತದೆ. ಹಾಗಾಗಿ ನಾನು ಬ್ಯಾಸ್ಕೆಟ್‌ಬಾಲ್ ನೋಡುವುದಕ್ಕಿಂತ ಕೇಳುವುದೇ ಜಾಸ್ತಿ.

ಮೊದಮೊದಲು ಒಂದು ವಿಷಯ ನನಗೆ ಅರ್ಥವೇ ಆಗುತ್ತಿರಲಿಲ್ಲ. ಅಮೆರಿಕದಲ್ಲಿ ಕಾರು ಓಡಿಸುವವನು ರೇಡಿಯೊ ಹಾಕಿದರೆ ತನ್ನ ಊರಿನ ಎನ್‌ಬಿಎ (ಅಲ್ಲಿನ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಲೀಗು) ತಂಡದ ಪಂದ್ಯವನ್ನು ಪುಕ್ಕಟೆ ಕೇಳುತ್ತಾನೆ. ಅದೇ ಸ್ಟೇಶನ್ನನ್ನು ಇಂಟರ್ನೆಟ್‌ನಲ್ಲಿ ಹಾಕಿದರೆ ದಿನವಿಡೀ ಹರಟೆ, ಜಾಹೀರಾತು ಎಲ್ಲ ಬರುತ್ತದೆ, ಪಂದ್ಯ ಶುರುವಾಗುವ ಹೊತ್ತಿಗೆ ಸರಿಯಾಗಿ ಬೇರೇನೋ ಕಾರ್ಯಕ್ರಮ ಶುರು. ಎಷ್ಟೋ ಸ್ಟೇಶನ್‌ಗಳದ್ದು ಇದೇ ಕತೆ. ಗಾಳಿಯಲ್ಲಿ ಬಂದರೆ ಬಿಟ್ಟಿ, ತಂತಿಯಲ್ಲಿ ಬಂದರೆ ಬೀಗ. ಯಾಕೆ ಹೀಗೆ? ಉತ್ತರಕ್ಕೆ ಸ್ವಲ್ಪ ಹಿಂದೆ ಹೋಗಬೇಕು.

ರೇಡಿಯೊ ಬಂದ ಕಾಲದಲ್ಲಿ ತಂಡದ ಮಾಲೀಕರಿಗೆ ಅದನ್ನು ಕಂಡರೆ ಭಯ. ಮನೆಯಲ್ಲೇ ಕೂತು ಕೇಳಿದರೆ ಟಿಕೆಟ್ ಯಾರು ತಗೋತಾರೆ ಅನ್ನೋದು ಅವರ ಲೆಕ್ಕ. ಬೇಸ್‌ಬಾಲ್‌ನಲ್ಲಿ ನ್ಯೂಯಾರ್ಕಿನ ಮೂರು ತಂಡಗಳು 1934ರಿಂದ 1938ರವರೆಗೆ ರೇಡಿಯೊವನ್ನು ಒಳಗೇ ಬಿಡಲಿಲ್ಲ. ಬ್ಯಾಸ್ಕೆಟ್‌ಬಾಲ್‌ಗೆ ಇನ್ನೊಂದು ತಾಪತ್ರಯವೂ ಇತ್ತು: ಈ ಆಟವನ್ನು ಮಾತಿನಲ್ಲಿ ಹೇಳೋದು ಹೇಗೆ? ಕ್ರಿಕೆಟ್ ಆದರೆ ಬೌಲರ್ ವಾಪಸ್ ನಡೆದು ಹೋಗುವಷ್ಟರಲ್ಲಿ ಕಾಮೆಂಟೇಟರ್ ಹವಾಮಾನ, ಗ್ಯಾಲರಿಯ ಜನ, ಊಟಕ್ಕೆ ಏನಿತ್ತು ಅಂತ ಎಲ್ಲ ಹೇಳಿ ಮುಗಿಸಬಹುದು. ಇಲ್ಲಿ 94 ಅಡಿ ಉದ್ದ, 50 ಅಡಿ ಅಗಲದ ಅಂಕಣದಲ್ಲಿ ಹತ್ತು ಜನ ಒಟ್ಟಿಗೆ ಓಡುತ್ತಿರುತ್ತಾರೆ, ಅದೂ ಸಾಲದು ಅಂತ 1954ರಲ್ಲಿ 24 ಸೆಕೆಂಡಿನೊಳಗೆ ಬುಟ್ಟಿಗೆ ಎಸೆಯಲೇಬೇಕು ಅನ್ನೋ ನಿಯಮ ಬೇರೆ ಬಂತು. ಉಸಿರು ತೆಗೆದುಕೊಳ್ಳೋಕೆ ಪುರುಸೊತ್ತಿಲ್ಲ.

ಇದಕ್ಕೊಂದು ದಾರಿ ಕಂಡುಕೊಂಡವರು ಮಾರ್ಟಿ ಗ್ಲಿಕ್‌ಮನ್. ಇವರು ಮೊದಲು ಓಟಗಾರ. 1936ರ ಬರ್ಲಿನ್ ಒಲಿಂಪಿಕ್ಸ್‌ಗೆ ಅಮೆರಿಕದ ರಿಲೇ ತಂಡದಲ್ಲಿ ಹೋಗಿದ್ದರು. ಓಡುವ ದಿನ ಬೆಳಗ್ಗೆ ಇವರನ್ನೂ ಸ್ಯಾಮ್ ಸ್ಟೋಲರ್ ಅವರನ್ನೂ ತಂಡದಿಂದ ಕೈಬಿಟ್ಟರು. ಆ ಅಥ್ಲೆಟಿಕ್ಸ್ ತಂಡದಲ್ಲಿದ್ದ ಯಹೂದಿಗಳು ಇವರಿಬ್ಬರೇ. ಆಮೇಲೆ ಗ್ಲಿಕ್‌ಮನ್ ಮೈಕ್ ಹಿಡಿದು ನ್ಯೂಯಾರ್ಕ್ ನಿಕ್ಸ್ ತಂಡದ ದನಿಯಾದರು. ಅವರು ಮಾಡಿದ್ದು ಸರಳ ಕೆಲಸ. ಕೇಳುವವನ ತಲೆಯಲ್ಲಿ ಮೊದಲು ಅಂಕಣದ ನಕ್ಷೆ ಬರೆದರು. ಚೆಂಡು ಎಡಗಡೆ ಇದೆಯಾ ಬಲಗಡೆ ಇದೆಯಾ, ಬುಟ್ಟಿಯಿಂದ ಎಷ್ಟು ಅಡಿ ದೂರ, ‘ಕೀ’ ಒಳಗಾ ಹೊರಗಾ, ಎಲ್ಲವನ್ನೂ ಪ್ರತಿ ಸಲ ಹೇಳಿದರು. ಕೀ ಅನ್ನೋ ಹೆಸರಿನ ಹಿಂದೆಯೂ ಒಂದು ಕತೆಯಿದೆ. ಬುಟ್ಟಿಯ ಮುಂದಿನ ಆ ಪಟ್ಟಿ 1951ರವರೆಗೆ ಬರೀ 6 ಅಡಿ ಅಗಲ ಇತ್ತು, ಅದರ ತುದಿಯಲ್ಲೊಂದು ವೃತ್ತ. ಮೇಲಿನಿಂದ ನೋಡಿದರೆ ಥೇಟ್ ಬೀಗದ ಕೈ ತೂರಿಸುವ ತೂತು. ಈಗ ಎನ್‌ಬಿಎಯಲ್ಲಿ ಅದು 16 ಅಡಿ ಅಗಲ, ಬೀಗದ ಹೋಲಿಕೆ ಎಲ್ಲೂ ಇಲ್ಲ, ಹೆಸರು ಮಾತ್ರ ಉಳಿದುಕೊಂಡಿದೆ. ಚೆಂಡು ರಿಂಗಿಗೆ ತಾಗದೆ ಬರೀ ಬಲೆಯನ್ನು ಸವರಿ ಇಳಿದರೆ ‘ಸ್ವಿಶ್’ ಅನ್ನೋದನ್ನು ಮನೆಮಾತು ಮಾಡಿದವರೂ ಅವರೇ.

ಮಾಲೀಕರ ಭಯ ಸುಳ್ಳು ಅಂತ ತೋರಿಸಿದ್ದು ಪಶ್ಚಿಮ ಕರಾವಳಿ. ಲೇಕರ್ಸ್ ತಂಡ ಮಿನಿಯಾಪೊಲಿಸ್ ಬಿಟ್ಟು ಲಾಸ್ ಏಂಜಲಿಸ್‌ಗೆ 1960ರಲ್ಲಿ ಬಂದಾಗ ಊರಿನವರಿಗೆ ಅದರ ಕಡೆ ಅಷ್ಟೇನೂ ಒಲವು ಇರಲಿಲ್ಲ. 1961ರ ಮಾರ್ಚ್‌ನಲ್ಲಿ ಪ್ಲೇಆಫ್ ಪಂದ್ಯಕ್ಕೆ ತಂಡ ಸೇಂಟ್ ಲೂಯಿಸ್‌ಗೆ ಹೋದಾಗ ಮಾಲೀಕ ಬಾಬ್ ಶಾರ್ಟ್, ಚಿಕ್ ಹರ್ನ್ ಅನ್ನುವವರನ್ನು ಅಲ್ಲಿಗೆ ಕಳಿಸಿ ರೇಡಿಯೊದಲ್ಲಿ ಹೇಳಿಸಿದರು. ತಂಡ ವಾಪಸ್ ಬಂದು ತವರಿನಲ್ಲಿ ಆಡಿದ ಮುಂದಿನ ಪಂದ್ಯಕ್ಕೆ ಹತ್ತಿರ ಹತ್ತಿರ 15,000 ಜನ. ಕೇಳಿದವರೇ ನೋಡೋಕೆ ಬಂದರು! ಹರ್ನ್ ಅಲ್ಲಿಂದ ಮುಂದೆ ಎದ್ದೇಳಲಿಲ್ಲ. 1965ರ ನವೆಂಬರ್‌ನಿಂದ 2001ರ ಡಿಸೆಂಬರ್‌ವರೆಗೆ ಸತತ 3,338 ಪಂದ್ಯ, ಒಂದನ್ನೂ ತಪ್ಪಿಸದೆ. ಕೊನೆಗೆ ನಿಂತದ್ದು ಹೃದಯದ ಆಪರೇಶನ್‌ಗಾಗಿ. ‘ಸ್ಲ್ಯಾಮ್ ಡಂಕ್’ (ಮೇಲೆ ನೆಗೆದು ಚೆಂಡನ್ನು ಬುಟ್ಟಿಯೊಳಗೆ ಬಡಿಯುವುದು), ‘ಏರ್ ಬಾಲ್’ (ಎಸೆದ ಚೆಂಡು ಬುಟ್ಟಿಗೂ ಹಲಗೆಗೂ ತಾಗದೇ ಹೋಗುವುದು) ಅನ್ನೋ ಮಾತುಗಳನ್ನು ಹರಡಿದ ಹೆಗ್ಗಳಿಕೆಯೂ ಅವರದ್ದೇ. ಲೇಕರ್ಸ್ ಗೆಲುವು ಖಚಿತವಾದಾಗ ಅವರು ಪಂದ್ಯವನ್ನು ಫ್ರಿಜ್ಜಿನೊಳಗೆ ಇಡುತ್ತಿದ್ದರು: ಬಾಗಿಲು ಮುಚ್ಚಿತು, ಲೈಟ್ ಆರಿತು, ಮೊಟ್ಟೆ ತಣ್ಣಗಾಗ್ತಿದೆ, ಬೆಣ್ಣೆ ಗಟ್ಟಿಯಾಗ್ತಿದೆ, ಜೆಲ್ಲೊ ನಡುಗ್ತಿದೆ. ಅಷ್ಟು ಕೇಳಿದರೆ ಸಾಕು, ಕಾರಿನಲ್ಲಿರುವವನು ನೆಮ್ಮದಿಯಾಗಿ ಮನೆ ಕಡೆ ತಿರುಗಬಹುದು.

ಆ ಕಾಲದ ದನಿಗೆ ಎಷ್ಟು ಬೆಲೆ ಅಂತ ಗೊತ್ತಾಗಬೇಕಾದರೆ 1962ರ ಮಾರ್ಚ್ 2ರ ರಾತ್ರಿ ನೆನೆಯಬೇಕು. ಪೆನ್ಸಿಲ್ವೇನಿಯಾದ ಹರ್ಷಿ, ಅದೇ ಚಾಕೊಲೇಟ್ ಊರು. ವಿಲ್ಟ್ ಚೇಂಬರ್ಲಿನ್ ಒಬ್ಬರೇ 100 ಅಂಕ ಗಳಿಸಿದರು. ಫಿಲಡೆಲ್ಫಿಯಾ ವಾರಿಯರ್ಸ್ 169, ನಿಕ್ಸ್ 147. ಟಿವಿ ಇರಲಿಲ್ಲ. ಪಂದ್ಯದ ವಿಡಿಯೊ ಇಲ್ಲವೇ ಇಲ್ಲ. ಅಧಿಕೃತ ಲೆಕ್ಕದಲ್ಲಿ ಅಲ್ಲಿದ್ದವರು 4,124 ಜನ, ಉಳಿದ ಜಗತ್ತಿಗೆ ಸಿಕ್ಕಿದ್ದು ರೇಡಿಯೊದಲ್ಲಿ ಬಿಲ್ ಕ್ಯಾಂಬೆಲ್ ಅವರ ದನಿ ಮಾತ್ರ. ಆ ದನಿಯಾದರೂ ಉಳಿದದ್ದು ಹೇಗೆ? ಮುನ್ನೂರಕ್ಕೂ ಜಾಸ್ತಿ ಕಿಲೋಮೀಟರ್ ದೂರದ ಮ್ಯಾಸಚೂಸೆಟ್ಸ್‌ನಲ್ಲಿ ಓದುತ್ತಿದ್ದ ಒಬ್ಬ ಕಾಲೇಜು ಹುಡುಗ, ನಾಲ್ಕನೇ ಕ್ವಾರ್ಟರನ್ನು, ಅಂದರೆ ಪಂದ್ಯದ ಕೊನೆಯ ಕಾಲು ಭಾಗವನ್ನು, ಸ್ಟೇಶನ್ ಮತ್ತೆ ಹಾಕಿದಾಗ ತನ್ನ ಟೇಪ್ ರೆಕಾರ್ಡರಿನಲ್ಲಿ ಹಿಡಿದಿಟ್ಟುಕೊಂಡ. 2016ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಆ ಧ್ವನಿಮುದ್ರಣವನ್ನು ರಾಷ್ಟ್ರದ ಆಸ್ತಿ ಅಂತ ತನ್ನ ಪಟ್ಟಿಗೆ ಸೇರಿಸಿತು.

ಅಷ್ಟು ದೂರಕ್ಕೆ ದನಿ ಹೋದದ್ದರಲ್ಲಿ ಮಾಯವೇನಿಲ್ಲ. ಫಿಲಡೆಲ್ಫಿಯಾದ ಆ ಸ್ಟೇಶನ್ 50,000 ವ್ಯಾಟ್‌ನದು. ಎಎಂ ಅಲೆಗಳನ್ನು ಹಗಲಿನಲ್ಲಿ ವಾತಾವರಣದ ಮೇಲಿನ ಒಂದು ಪದರ ಹೀರಿಕೊಳ್ಳುತ್ತದೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತದೆ, ಅಲೆಗಳು ಅದಕ್ಕಿಂತ ಮೇಲಿನ ಪದರಕ್ಕೆ ಬಡಿದು ಎಲ್ಲೋ ದೂರದಲ್ಲಿ ಇಳಿಯುತ್ತವೆ. ನಮ್ಮಲ್ಲೂ ರಾತ್ರಿ ಹೊತ್ತು ಮೀಡಿಯಂ ವೇವ್ ಮುಳ್ಳು ತಿರುಗಿಸಿದರೆ ಹಗಲಲ್ಲಿ ಇಲ್ಲದ ಊರುಗಳೆಲ್ಲ ಗೊರಗೊರ ಅಂತ ಬರುತ್ತಿದ್ದವು, ಅಲ್ವಾ? ಮೈಸೂರಿನಲ್ಲಿ 1930ರ ದಶಕದಲ್ಲಿ ಎಂ. ವಿ. ಗೋಪಾಲಸ್ವಾಮಿಯವರ ರೇಡಿಯೊ ಕೇಂದ್ರಕ್ಕೆ ಆಕಾಶವಾಣಿ ಅಂತ ಹೆಸರು ಬಂತು. ರಾತ್ರಿಯ ಎಎಂ ಮಟ್ಟಿಗೆ ಆ ಹೆಸರು ಅಕ್ಷರಶಃ ನಿಜ. ಎಫ್‌ಎಂಗೆ ಈ ಗುಣ ಇಲ್ಲ, ಅದು ತನ್ನೂರು, ಪಕ್ಕದೂರು ದಾಟಿ ಹೆಚ್ಚು ದೂರ ಹೋಗುವುದಿಲ್ಲ.

ಅಮೆರಿಕದಲ್ಲಿ ಹುಟ್ಟೂರು ಬಿಟ್ಟು ಕೆಲಸಕ್ಕೆ ಹೋದವರು ಹೀಗೆ ರಾತ್ರಿ ಕಾರಿನಲ್ಲಿ ಕೂತು ತಮ್ಮ ತಂಡವನ್ನು ಹುಡುಕುತ್ತಿದ್ದರು. ಆದರೆ ಎಲ್ಲದಕ್ಕೂ ಒಂದು ಮಿತಿ. ಇಂಡಿಯಾನಾ ವಿಶ್ವವಿದ್ಯಾಲಯದಲ್ಲಿ ಓದಿ ಟೆಕ್ಸಾಸ್‌ನ ಡಲಾಸ್‌ಗೆ ಹೋಗಿ ನೆಲೆಸಿದ ಇಬ್ಬರು ಗೆಳೆಯರಿಗೆ ತಮ್ಮ ಕಾಲೇಜಿನ ಬ್ಯಾಸ್ಕೆಟ್‌ಬಾಲ್ ಕೇಳಬೇಕಿತ್ತು. ಸಾವಿರಕ್ಕೂ ಜಾಸ್ತಿ ಕಿಲೋಮೀಟರ್ ದೂರ. ಇಂಟರ್ನೆಟ್‌ನಲ್ಲಿ ತರಿಸಿಕೊಂಡರೆ ಹೇಗೆ? ಅವರ ಹೆಸರು ಟಾಡ್ ವ್ಯಾಗ್ನರ್ ಮತ್ತು ಮಾರ್ಕ್ ಕ್ಯೂಬನ್. ಕ್ರಿಸ್ ಜೇಬ್ ಎಂಬವರ ಜೊತೆ ಸೇರಿ 1995ರಲ್ಲಿ ಆಡಿಯೊನೆಟ್ ಶುರುಮಾಡಿದರು. ಡಲಾಸ್‌ನ ಕೆಎಲ್‌ಐಎಫ್ ಅವರು ನೆಟ್‌ಗೆ ಏರಿಸಿದ ಮೊದಲ ಸ್ಟೇಶನ್‌ಗಳಲ್ಲೊಂದು. ಆಗಿನದು ಟೆಲಿಫೋನ್ ಲೈನಿಗೆ ಸಿಕ್ಕಿಸುವ ಮೋಡೆಮ್, 28.8 ಕಿಲೋಬಿಟ್ ಅಂದರೆ ಭಾರಿ ವೇಗ. ದನಿ ಬಾವಿಯೊಳಗಿಂದ ಬಂದ ಹಾಗೆ ಬರುತ್ತಿತ್ತು, ಮಧ್ಯೆ ಮಧ್ಯೆ ನಿಲ್ಲುತ್ತಿತ್ತು. ಊರು ಬಿಟ್ಟವನಿಗೆ ಅದೇ ಅಮೃತ.

ಆಡಿಯೊನೆಟ್ 1998ರಲ್ಲಿ ಬ್ರಾಡ್‌ಕಾಸ್ಟ್ ಡಾಟ್ ಕಾಮ್ ಆಯಿತು, ಅದೇ ಜುಲೈನಲ್ಲಿ ಶೇರು ಮಾರುಕಟ್ಟೆಗೆ ಬಂತು. 18 ಡಾಲರ್‌ಗೆ ಬಿಟ್ಟ ಶೇರು ಮೊದಲ ದಿನ ಸಂಜೆಗೆ 62.75 ಡಾಲರ್. 1999ರಲ್ಲಿ ಯಾಹೂ ಅದನ್ನು ಶೇರಿನ ರೂಪದಲ್ಲಿ 570 ಕೋಟಿ ಡಾಲರ್ ಕೊಟ್ಟು ಕೊಂಡಿತು, ಕೆಲವೇ ವರ್ಷದಲ್ಲಿ ಅದು ಮುಚ್ಚಿಯೂ ಹೋಯಿತು. ಕ್ಯೂಬನ್ 2000ದ ಜನವರಿಯಲ್ಲಿ 28.5 ಕೋಟಿ ಡಾಲರ್‌ಗೆ ಡಲಾಸ್ ಮಾವೆರಿಕ್ಸ್ ತಂಡವನ್ನೇ ಕೊಂಡರು. ಪಂದ್ಯ ಕೇಳೋಕೆ ಆಗ್ತಿಲ್ಲ ಅಂತ ಹೊರಟವನು ತಂಡದ ಮಾಲೀಕನಾದ. (2015ರ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವಾಗ, ಪಂಜಾಬಿನ ಸತ್ನಾಮ್ ಸಿಂಗ್ ಅವರನ್ನು 52ನೆಯವರಾಗಿ ಆರಿಸಿಕೊಂಡದ್ದೂ ಇದೇ ತಂಡ.)

ಇದರ ಪಕ್ಕದಲ್ಲೇ ಇನ್ನೊಂದು ಜಗಳ ನಡೆಯುತ್ತಿತ್ತು. 1996ರಲ್ಲಿ ಮೊಟೊರೊಲಾ ಕಂಪನಿ ಸ್ಪೋರ್ಟ್ಸ್‌ಟ್ರ್ಯಾಕ್ಸ್ ಅನ್ನೋ ಪೇಜರ್ ಮಾರಾಟಕ್ಕೆ ತಂತು, ಬೆಲೆ ಸುಮಾರು 200 ಡಾಲರ್. ಅಂಗೈಯಗಲದ ಡಬ್ಬಿಯಲ್ಲಿ ನಡೆಯುತ್ತಿರುವ ಎನ್‌ಬಿಎ ಪಂದ್ಯದ ಸ್ಕೋರು, ಚೆಂಡು ಯಾರ ಹತ್ತಿರ, ಎಷ್ಟು ಸಮಯ ಬಾಕಿ ಎಲ್ಲ ಬರುತ್ತಿತ್ತು. ಮಾಹಿತಿ ಕೊಡುತ್ತಿದ್ದದ್ದು ಸ್ಟ್ಯಾಟ್ಸ್ ಅನ್ನೋ ಕಂಪನಿ. ಅದರ ಜನ ಟಿವಿ ನೋಡಿಕೊಂಡು ಅಥವಾ ರೇಡಿಯೊ ಕೇಳಿಕೊಂಡು ಕಂಪ್ಯೂಟರಿಗೆ ಒತ್ತುತ್ತಿದ್ದರು. ನಮ್ಮ ಪಂದ್ಯ ಕದೀತಿದ್ದಾರೆ ಅಂತ ಎನ್‌ಬಿಎ ಕೋರ್ಟಿಗೆ ಹೋಯಿತು. ಕೆಳಗಿನ ಕೋರ್ಟು ಪೇಜರ್ ನಿಲ್ಲಿಸಿ ಅಂದಿತು. 1997ರ ಜನವರಿಯಲ್ಲಿ ಮೇಲ್ಮನವಿ ಕೋರ್ಟು ಅದನ್ನು ಉಲ್ಟಾ ಮಾಡಿತು. ಪಂದ್ಯದಲ್ಲಿ ಏನಾಯಿತು ಅನ್ನೋದು ಬರೀ ಸಂಗತಿ, ಸಂಗತಿಗೆ ಯಾರೂ ಮಾಲೀಕರಲ್ಲ. ಅದರ ಪ್ರಸಾರಕ್ಕೆ ಮಾತ್ರ ಮಾಲೀಕರಿದ್ದಾರೆ. ತೀರ್ಪಿನ ತಿರುಳು ಇಷ್ಟೇ.

ನನಗೆ ಇಡೀ ಕತೆಯಲ್ಲಿ ಮುಖ್ಯ ಅನ್ನಿಸುವುದು ಈ ಗೆರೆ. ಸ್ಕೋರು ಎಲ್ಲರದ್ದಾಯಿತು, ಇವತ್ತು ಸ್ಕೋರು ತೋರಿಸುವ ಆ್ಯಪ್‌ಗಳಿಗೆ ಲೆಕ್ಕವೇ ಇಲ್ಲ. ಲೀಗಿಗೆ ಮಾರಲು ಉಳಿದದ್ದು ಚಿತ್ರ ಮತ್ತು ದನಿ. ಹಳೆಯ ಕಾಲದಲ್ಲಿ ದನಿಗೆ ಬೇಲಿ ಹಾಕುವ ಅಗತ್ಯ ಇರಲಿಲ್ಲ, ಟವರಿನ ಶಕ್ತಿಯೇ ಬೇಲಿ. ರಾತ್ರಿ ಹೊತ್ತು ಅಲೆ ಅದನ್ನು ಹಾರಿದರೂ ಯಾರೂ ತಲೆಕೆಡಿಸಿಕೊಳ್ಳಲಿಲ್ಲ. ಇಂಟರ್ನೆಟ್‌ಗೆ ಅಂಥ ಮಿತಿ ಇಲ್ಲ, ಹಾಗಾಗಿ ಬೇಲಿಯನ್ನು ಒಪ್ಪಂದದ ಕಾಗದದಲ್ಲಿ ಬರೆದರು. ತಂಡಗಳು ಗಾಳಿಯ ಹಕ್ಕನ್ನು ಊರಿನ ಸ್ಟೇಶನ್ನಿಗೆ ಕೊಡುತ್ತವೆ. ನೆಟ್‌ನ ಹಕ್ಕನ್ನು ಲೀಗು ಎಲ್ಲ ತಂಡಗಳ ಪರವಾಗಿ ಒಟ್ಟಿಗೆ ಇಟ್ಟುಕೊಳ್ಳುತ್ತದೆ. ಸ್ಟೇಶನ್ನಿನ ವೆಬ್‌ಸೈಟಿನಲ್ಲಿ ಪಂದ್ಯದ ಹೊತ್ತಿಗೆ ಬೇರೇನೋ ಕಾರ್ಯಕ್ರಮ ಬರೋದು ಇದಕ್ಕೇ. ಅವರೇನು ನಮ್ಮ ಮೇಲೆ ಸಿಟ್ಟಿಗೆ ಮಾಡುತ್ತಿಲ್ಲ.

ಹಾಗಾದರೆ ಈಗ ಕೇಳೋದು ಹೇಗೆ? ಅಮೆರಿಕದಲ್ಲಿ ಇರುವವರಿಗೆ ಊರಿನ ಎಎಂ, ಎಫ್‌ಎಂ ಇದ್ದೇ ಇದೆ, ಡಲಾಸಿನಲ್ಲೋ ಬೇ ಏರಿಯಾದಲ್ಲೋ ಇರುವ ನಮ್ಮವರು ಕಾರಿನಲ್ಲಿ ಸುಮ್ನೆ ಒಂದು ಗುಂಡಿ ಒತ್ತಿದರಾಯಿತು. ಊರಿಂದೂರಿಗೆ ಓಡಾಡುವವರು ಸಿರಿಯಸ್‌ಎಕ್ಸ್‌ಎಂ ಉಪಗ್ರಹ ರೇಡಿಯೊಗೆ ತಿಂಗಳ ಹಣ ಕಟ್ಟುತ್ತಾರೆ. ಫೈನಲ್ಸ್‌ನಂಥ ದೊಡ್ಡ ಪಂದ್ಯಗಳನ್ನು ಇಎಸ್‌ಪಿಎನ್ ರೇಡಿಯೊ 1996ರಿಂದ ದೇಶಕ್ಕೆಲ್ಲ ಹೇಳುತ್ತಾ ಬಂದಿದೆ. ಬೆಂಗಳೂರಿನಲ್ಲಿ ಕೂತ ನನ್ನಂಥವರಿಗೆ ಲೀಗಿನ ಆ್ಯಪೇ ಮುಖ್ಯ ದಾರಿ. ಅದರಲ್ಲಿ ತಂಡಗಳ ರೇಡಿಯೊ ದನಿಯೂ ಸಿಗುತ್ತದೆ, ತವರು ತಂಡದ್ದಾ ಎದುರಾಳಿಯದ್ದಾ ಅಂತ ಆರಿಸಿಕೊಳ್ಳಬಹುದು. ಸೋಲುತ್ತಿರುವವರ ಕಾಮೆಂಟರಿ ಒಮ್ಮೆ ಹಾಕಿ ನೋಡಿ, ಮಜಾ ಬೇರೆಯೇ. ರೆಫರಿಗೆ ಬಯ್ಯುವುದು ಕೇಳಬೇಕು!

ಕಾಲೇಜು ಬ್ಯಾಸ್ಕೆಟ್‌ಬಾಲ್ ಕತೆ ಬೇರೆ, ಅಲ್ಲಿ ಬಾಗಿಲು ತೆರೆದೇ ಇದೆ. ಲಿಯರ್‌ಫೀಲ್ಡ್ ಕಂಪನಿ 2021ರಲ್ಲಿ ತಂದ ವಾರ್ಸಿಟಿ ನೆಟ್‌ವರ್ಕ್ ಆ್ಯಪ್‌ನಲ್ಲಿ ಎಷ್ಟೋ ವಿಶ್ವವಿದ್ಯಾಲಯಗಳ ರೇಡಿಯೊ ಕಾಮೆಂಟರಿ ಪುಕ್ಕಟೆ. ಮಾರ್ಚ್ ತಿಂಗಳ ದೊಡ್ಡ ಟೂರ್ನಿಯ ದನಿ ವೆಸ್ಟ್‌ವುಡ್ ಒನ್‌ನದು. ಕಾಲೇಜಿಗೆ ತನ್ನ ಹಳೇ ವಿದ್ಯಾರ್ಥಿ ಎಲ್ಲಿದ್ದರೂ ಕೇಳುತ್ತಿರಬೇಕು, ಯಾಕೆಂದರೆ ದೇಣಿಗೆ ಬರೋದು ಅವನಿಂದಲೇ. ಇಂಡಿಯಾನಾದ ಆ ಇಬ್ಬರಿಗೆ 1995ರಲ್ಲಿ ಒಂದು ಕಂಪನಿ ಕಟ್ಟಬೇಕಾಯಿತು, ಈಗಿನವರಿಗೆ ಒಂದು ಡೌನ್‌ಲೋಡ್ ಸಾಕು.

ಇಷ್ಟೆಲ್ಲ ಆಗಿ ಒಂದು ವಿಷಯದಲ್ಲಿ ಮಾತ್ರ ಹಳೇ ಎಎಂ ಡಬ್ಬಿಯೇ ಮುಂದೆ. ಅದರಲ್ಲಿ ದನಿ ಆಟದ ಜೊತೆಜೊತೆಗೇ ಬರುತ್ತದೆ. ನೆಟ್‌ನಲ್ಲಿ ಬರುವ ದನಿಯನ್ನು ತುಂಡು ತುಂಡು ಮಾಡಿ, ಕಟ್ಟಿ, ಕಳಿಸಿ, ಈ ಕಡೆ ಫೋನು ಒಂದಷ್ಟು ಕೂಡಿಟ್ಟುಕೊಂಡು ಆಮೇಲೆ ನುಡಿಸುತ್ತದೆ. ಅರ್ಧ ನಿಮಿಷ ಹಿಂದೆ ಬೀಳುವುದು ಮಾಮೂಲಿ. 1996ರಲ್ಲಿ ಪೇಜರಿನ ಸ್ಕೋರು ರೇಡಿಯೊಗಿಂತ ಎರಡು ಮೂರು ನಿಮಿಷ ತಡವಾಗಿ ಬರುತ್ತಿತ್ತು. ಈಗ ಅದು ತಿರುಗಿದೆ: ಫೋನಿಗೆ ಸ್ಕೋರು ಮೊದಲು, ಕಿವಿಗೆ ದನಿ ಆಮೇಲೆ. ಮೊನ್ನೆ ಕೊನೆಯ ಹನ್ನೊಂದು ಸೆಕೆಂಡು ಬಾಕಿ, ಒಂದು ಅಂಕದ ಅಂತರ, ಕಿವಿಯಲ್ಲಿ ಕಾಮೆಂಟೇಟರ್ ಇನ್ನೂ ಚೆಂಡು ಒಳಗೆ ಎಸೆಯುವವನ ಹೆಸರು ಹೇಳುತ್ತಿದ್ದ, ಜೇಬಿನಲ್ಲಿ ಫೋನು ಗುರ್ ಅಂತು. ನೋಡಲಿಲ್ಲ. ಪಕ್ಕದಲ್ಲಿ ನಿಂತಿದ್ದವರು, ಏನೋ ಮೆಸೇಜ್ ಬಂತು ನೋಡಿ ಸರ್, ಅಂದರು.