ಫ್ಲಾಕ್ ಸವೆಯುವುದಿಲ್ಲ ಭಾವ

ಮಳೆಗಾಲ ಬಂತೆಂದರೆ ನಮ್ಮ ಕೊಡಗಿನಲ್ಲಿ ಚಪ್ಪಲಿ, ಬೆಲ್ಟು, ಪುಸ್ತಕ ಎಲ್ಲದಕ್ಕೂ ಬೂಷ್ಟು. ವಿರಾಜಪೇಟೆಯ ಭಾವನ ಸಿಡಿಗಳನ್ನೂ ಅದು ಬಿಡಲಿಲ್ಲ. ಅದಕ್ಕೇ ಹೋದ ವರ್ಷ ಅಷ್ಟನ್ನೂ ಕಂಪ್ಯೂಟರಿಗೆ ಏರಿಸಿ ಫ್ಲಾಕ್ ಎನ್ನುವ, ಸದ್ದನ್ನು ಕುಗ್ಗಿಸಿ ಇಡುವ ಫೈಲಿನ ನಮೂನೆಗೆ ಮಾಡಿಟ್ಟಿದ್ದೆವು. ಈಗ ಅವರ ಕೈಗೆ ಐಫೋನ್ ಬಂದಿದೆ. ಅದರ ಮ್ಯೂಸಿಕ್ ಆಪ್‌ಗೆ ಆಲಾಕ್ ಎನ್ನುವ, ಆಪಲ್‌ನದೇ ಅಂಥ ನಮೂನೆ ಬೇಕು. ಮಾಡಿಕೊಡ್ತೇನೆ ಅಂದರೆ, "ಬೇಡ ಮಾರಾಯ, ಅದರಿಂದ ಇದಕ್ಕೆ ಇದರಿಂದ ಅದಕ್ಕೆ ಬದಲಾಯಿಸ್ತಾ ಹೋದರೆ ಸೌಂಡ್ ಸವೆಯುತ್ತೆ" ಅಂದರು.

ಈ ಭಯ ಸುಮ್ನೆ ಹುಟ್ಟಿದ್ದಲ್ಲ. ಕ್ಯಾಸೆಟ್‌ನಿಂದ ಕ್ಯಾಸೆಟ್‌ಗೆ ಇಳಿಸಿದ ಕಾಲದಲ್ಲಿ ಪ್ರತಿ ಸಲವೂ ಸುಯ್ ಎನ್ನುವ ಸದ್ದು ಜಾಸ್ತಿ ಆಗುತ್ತಿತ್ತು. ಆದರೆ ಫ್ಲಾಕ್ ಒಳಗೆ ಇರುವುದು ಟೇಪಲ್ಲ, ಲೆಕ್ಕ.

ಸಿಡಿಯಲ್ಲಿ ಸೆಕೆಂಡಿಗೆ 44,100 ಸಲ ಸದ್ದನ್ನು ಅಳೆದು ಬರೆದಿರುತ್ತಾರೆ, ಎಡಕ್ಕೂ ಬಲಕ್ಕೂ ಬೇರೆ ಬೇರೆ. ನಿಮಿಷಕ್ಕೆ ಸುಮಾರು 10 ಎಂಬಿ. ಇದನ್ನು ಏನೂ ಬಿಸಾಡದೆ ಚಿಕ್ಕದು ಮಾಡುವುದು ಹೇಗೆ? ಇಲ್ಲೇ ಮಜಾ ಇರುವುದು. ಮಡಿಕೇರಿಯಿಂದ ಸಂಪಾಜೆ ಘಾಟಿ ಇಳಿಯುವಾಗ ಹೆಜ್ಜೆ ಹೆಜ್ಜೆಗೂ ಎತ್ತರ ಬರೆದುಕೊಳ್ಳುತ್ತೀರಿ ಅಂದುಕೊಳ್ಳಿ. ಹಿಂದಿನ ಎರಡು ಲೆಕ್ಕ 120, 110 ಇದ್ದರೆ ಮುಂದಿನದು 100 ಇರಬಹುದು ಅಂತ ಯಾರೂ ಊಹಿಸಬಹುದು. ನಿಜಕ್ಕೂ 98 ಇತ್ತಾ? ಹಾಗಾದರೆ 98 ಬರೆಯುವ ಬದಲು "2 ಕಡಿಮೆ" ಅಂತ ಬರೆದರೆ ಸಾಕು. ಓದುವವನಿಗೂ ಊಹೆಯ ನಿಯಮ ಗೊತ್ತು, ಅವನೂ 100 ಅಂತಲೇ ಊಹಿಸುತ್ತಾನೆ, 2 ಕಳೆಯುತ್ತಾನೆ, ಸರಿಯಾಗಿ 98 ಬಂತು. 97.9 ಅಲ್ಲ. ದಿನಾ ಒಂದೇ ಲೀಟರ್ ಹಾಕುವ ಹಾಲಿನವನ ಲೆಕ್ಕ ಇಡುವ ಹಾಗೆಯೇ ಇದು: ತಪ್ಪಿದ ದಿನ ಮಾತ್ರ ಕ್ಯಾಲೆಂಡರಿನಲ್ಲಿ ಗುರುತು. ತಿಂಗಳ ಕೊನೆಗೆ ಪೈಸೆ ವ್ಯತ್ಯಾಸ ಇಲ್ಲ, ಅಲ್ವಾ?

ಹೀಗೆ ಉಳಿದ ಚಿಲ್ಲರೆ ಅಂಕಿಗಳನ್ನು ರೈಸ್ ಕೋಡ್ ಎನ್ನುವ ವಿಧಾನದಲ್ಲಿ ತುಂಬುತ್ತಾರೆ. ಅಕ್ಕಿಗೂ ಇದಕ್ಕೂ ಸಂಬಂಧವಿಲ್ಲ. 1970ರ ದಶಕದಲ್ಲಿ ನಾಸಾದ ಜೆಟ್ ಪ್ರೊಪಲ್ಷನ್ ಲ್ಯಾಬೊರೇಟರಿಯಲ್ಲಿ ರಾಬರ್ಟ್ ರೈಸ್ ಎಂಬವರು ಬಾಹ್ಯಾಕಾಶ ನೌಕೆ ಕಳಿಸುವ ಮಾಹಿತಿಯನ್ನು ಕುಗ್ಗಿಸಲು ಕಟ್ಟಿದ ಉಪಾಯ. ಸಣ್ಣ ಅಂಕಿಗೆ ಕಡಿಮೆ ಬಿಟ್ (ಕಂಪ್ಯೂಟರ್ ಬರೆಯುವ 0 ಅಥವಾ 1), ದೊಡ್ಡದಕ್ಕೆ ಜಾಸ್ತಿ. ಗ್ರಹಗಳ ಫೋಟೋಗಾಗಿ ಯೋಚಿಸಿದ್ದು ಈಗ ಭಾವನ ವಾಲಗದ ಸಿಡಿಗೆ ಬಂದಿದೆ! ಜಾಶ್ ಕೋಲ್ಸನ್ ಫ್ಲಾಕ್‌ನ ಮೊದಲ ಪೂರ್ಣ ಆವೃತ್ತಿ ಬಿಟ್ಟಿದ್ದು 2001ರಲ್ಲಿ, ಆಪಲ್‌ನ ಆಲಾಕ್ ಬಂದಿದ್ದು 2004ರಲ್ಲಿ. ಎರಡರ ಒಳಗೂ ಇದೇ ಊಹೆಯ ಆಟ, ನಿಯಮ ಮಾತ್ರ ಸ್ವಲ್ಪ ಬೇರೆ.

ಊಹೆಗೆ ಸಿಗದ ಸದ್ದು ಜಾಸ್ತಿ ಕುಗ್ಗುವುದಿಲ್ಲ. ಎಳೆದು ಊದಿದ ಕೊಂಬಿನ ಸ್ವರ ಚೆನ್ನಾಗಿ ಕುಗ್ಗುತ್ತದೆ, ಅಷ್ಟೇ ಜೋರಾಗಿ ಶೀಟಿನ ಮೇಲೆ ಬೀಳುವ ಜುಲೈ ಮಳೆಯನ್ನು ರೆಕಾರ್ಡ್ ಮಾಡಿ ನೋಡಿ, ಫೈಲು ದಪ್ಪಗೇ ಇರುತ್ತದೆ. ಆದರೆ ಎರಡನ್ನೂ ಬಿಚ್ಚಿದಾಗ ಒಂದು ಅಂಕಿಯೂ ಬದಲಾಗಿರುವುದಿಲ್ಲ.

ನಂಬಬೇಡಿ, ಪರೀಕ್ಷೆ ಮಾಡಿ. ಫ್ಲಾಕ್ ಫೈಲಿನ ತಲೆಯಲ್ಲೇ ಮೂಲ ಸದ್ದಿನ ಎಂಡಿ5 ಎನ್ನುವ ಬೆರಳಚ್ಚು ಸಾಮಾನ್ಯವಾಗಿ ಇರುತ್ತದೆ; ಸದ್ದಿನ ಒಂದು ಅಂಕಿ ಬದಲಾದರೂ ಇದು ಬೇರೆಯಾಗುತ್ತದೆ. ಎಫ್‌ಎಫ್‌ಎಂಪೆಗ್‌ ಎನ್ನುವ, ಫೈಲು ಬದಲಾಯಿಸುವ ಸಾಫ್ಟ್‌ವೇರಿನಲ್ಲಿ ಫ್ಲಾಕ್, ಆಲಾಕ್ ಎರಡನ್ನೂ ಬಿಚ್ಚಿಸಿ ಒಳಗಿನ ಸದ್ದಿನ ಎಂಡಿ5 ತೆಗೆಸಿದೆ. ಫೈಲಿನದಲ್ಲ, ಅದು ಬೇರೆ ಬಂದೇ ಬರುತ್ತದೆ. ಹತ್ತು ಸಲ ಆಚೀಚೆ ಬದಲಾಯಿಸಿ ಭಾವನ ಮುಂದೆಯೇ ತೋರಿಸಿದೆ. ಬೆರಳಚ್ಚಿನ ಮೂವತ್ತೆರಡು ಅಕ್ಷರವೂ ಅದೇ. "ಆದರೂ ಕುಗ್ಗಿಸದ ವೇವ್ ಫೈಲು ಸ್ವಲ್ಪ ಬೆಚ್ಚಗೆ ಕೇಳುತ್ತೆ" ಅಂದರು. ಏನು ಹೇಳೋದು!

ಎಡವಟ್ಟು ಆಗುವ ಜಾಗ ಬೇರೆ. ಸಾಫ್ಟ್‌ವೇರಿನಲ್ಲಿ ರೀಸ್ಯಾಂಪಲ್ (ಸೆಕೆಂಡಿಗೆ ಎಷ್ಟು ಅಳತೆ ಎನ್ನುವುದನ್ನೇ ಬದಲಾಯಿಸುವುದು) ಅಂತ ಟಿಕ್ ಆಗಿದ್ದರೆ, ಅಥವಾ ಒಂದೊಂದು ಅಳತೆಗೆ 24 ಬಿಟ್‌ನ ಫೈಲನ್ನು 16ಕ್ಕೆ ಇಳಿಸಿದರೆ, ಅಂಕಿಗಳು ನಿಜವಾಗಿ ಬದಲಾಗುತ್ತವೆ. ಸದ್ದಿನ ಒಂದಿಷ್ಟು ಭಾಗವನ್ನು ಮೊದಲೇ ಬಿಸಾಡಿರುವ ಎಂಪಿ3ಯನ್ನು ಫ್ಲಾಕ್ ಮಾಡಿ "ಕ್ವಾಲಿಟಿ ಏರಿಸಿದೆ" ಎನ್ನುವವರೂ ಇದ್ದಾರೆ. ಚಿಕೋರಿ ಬೆರೆಸಿದ ಪುಡಿಯನ್ನು ಬೆಳ್ಳಿ ಡಬ್ಬಿಗೆ ಹಾಕಿದರೆ ಚಿಕೋರಿ ಹೋಗುತ್ತಾ?

ಕೊನೆಗೂ ಎಲ್ಲವನ್ನೂ ಆಲಾಕ್ ಮಾಡಿ ಫೋನಿಗೆ ಹಾಕಿಕೊಟ್ಟೆ. ಮರುದಿನವೇ ಭಾವನ ಫೋನು: "ನೋಡು, ಸವೆದಿದೆ! ಹಾಡಿನ ಹೆಸರೇ ಇಲ್ಲ." ಹೋಗಿ ನೋಡಿದರೆ ನಿಜ. ನಾನು ನಡುವೆ ಒಮ್ಮೆ ವೇವ್ ಮಾಡಿಕೊಂಡಿದ್ದೆ, ಆಗ ಕನ್ನಡದಲ್ಲಿ ಬರೆದಿದ್ದ ಹೆಸರುಗಳು ಉದುರಿದ್ದವು. ಸದ್ದು ಹಾಗೇ ಇದೆ. ಹೆಸರುಗಳನ್ನು ಮಾತ್ರ ಈಗ ದಿನಕ್ಕೆ ಹತ್ತರಂತೆ ಟೈಪ್ ಮಾಡುತ್ತಿದ್ದೇನೆ, ಕರೆಂಟ್ ಇದ್ದಾಗ.