ಶಾಲೆಯ ಅರ್ಜಿಯಲ್ಲಿದ್ದ ಸಹಿ

ಆಕೆ ಚಿಕ್ಕಮಗಳೂರಿನ ನನ್ನ ವಕೀಲಿ ಕಚೇರಿಗೆ ಬಂದಾಗ ಕಾಫಿ ಕೊಯ್ಲು ಜೋರಾಗಿತ್ತು. ಕೈಯಲ್ಲೊಂದು ಬಟ್ಟೆ ಅಂಗಡಿಯ ಕವರ್. ಅದರಲ್ಲಿ ಗ್ಯಾಸ್ ಪುಸ್ತಕ, ಬಾಡಿಗೆ ಚೀಟಿಗಳು, ಗುಡಿಯ ಮುಂದೆ ಹಾರ ಹಾಕಿಕೊಂಡು ನಿಂತ ಒಂದು ಫೋಟೋ, ಮಗನ ಶಾಲೆಯ ಅರ್ಜಿಯ ಜೆರಾಕ್ಸ್. ಆಗಲೇ ಹೆಂಡತಿಯಿದ್ದ ಒಬ್ಬ ತೋಟದ ಸಾಹುಕಾರರ ಜೊತೆ ಹನ್ನೊಂದು ವರ್ಷ ಬಾಳಿದವರು. ಅವರು ತೀರಿಕೊಂಡು ತಿಂಗಳಾಗಿತ್ತು. "ಮುಖ ನೋಡೋಕೂ ಬಿಡಲಿಲ್ಲ ಸಾರ್" ಎಂದರು.

ಇಂಥವರನ್ನು ನಮ್ಮ ಕಡೆ 'ಇಟ್ಟುಕೊಂಡವಳು' ಎಂದುಬಿಡುತ್ತಾರೆ. ಕೋರ್ಟುಗಳೂ ಹೊರತಲ್ಲ. 2010ರ ವೇಲುಸಾಮಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟೇ 'ಕೀಪ್' ಎಂಬ ಪದ ಬಳಸಿತ್ತು. ಅಂಥ ಸಂಬಂಧ ಮದುವೆಯಂಥದ್ದಲ್ಲ ಎಂದಿತ್ತು. 2013ರಲ್ಲಿ ಬೆಂಗಳೂರಿನ ಇಂದ್ರಾ ಶರ್ಮಾ ಪ್ರಕರಣ ಬಂತು. ಕೆಳಗಿನ ಕೋರ್ಟು ಆಕೆಗೆ ತಿಂಗಳಿಗೆ 18,000 ರೂಪಾಯಿ ಜೀವನಾಂಶ ಕೊಡಿಸಿತ್ತು. ಮೇಲಿನ ಕೋರ್ಟುಗಳಲ್ಲಿ ಅದೂ ಉಳಿಯಲಿಲ್ಲ. ಆತನಿಗೆ ಮದುವೆಯಾಗಿದೆ ಎಂದು ಗೊತ್ತಿದ್ದೇ ಹೋದವಳು ಎಂಬುದು ಆಕೆಗೆ ಮುಳುವಾಯಿತು. 'ಕೀಪ್' ಎಂಬ ಪದ ಬಳಸಬೇಡಿ ಎಂದು ಸುಪ್ರೀಂ ಕೋರ್ಟಿನ ಕೈಪಿಡಿ ಹೇಳಿದ್ದು 2023ರಲ್ಲಿ.

ಹಾಗಾಗಿ ಆಕೆಗೆ ಹೆಂಡತಿಯ ಪಾಲು ಸಿಗುವುದಿಲ್ಲ. ಸುಮ್ನೆ ಆಸೆ ಹುಟ್ಟಿಸಬಾರದು ಅಲ್ವಾ, ಅದನ್ನೇ ಮೊದಲು ಹೇಳಿದೆ. ಮಗನ ವಿಷಯ ಬೇರೆ. ಮೊದಲ ಹೆಂಡತಿ ಇರುವಾಗ ಕಟ್ಟಿದ ತಾಳಿ ಕಾನೂನಿಗೆ ತಾಳಿಯಲ್ಲ. ಆದರೂ ಆ ಮದುವೆಯ ಮಕ್ಕಳನ್ನು ಹಿಂದೂ ವಿವಾಹ ಕಾಯ್ದೆಯ 16ನೇ ಕಲಂ ಕೈಬಿಡುವುದಿಲ್ಲ. ಪಿತ್ರಾರ್ಜಿತ ಆಸ್ತಿಯಲ್ಲಿ ಅಪ್ಪನಿಗೆ ಬರುವ ಭಾಗದಲ್ಲಿ ಅವರಿಗೂ ಪಾಲಿದೆ ಎಂದು 2023ರ ಸೆಪ್ಟೆಂಬರ್‌ನಲ್ಲಿ ರೇವಣಸಿದ್ದಪ್ಪ ಪ್ರಕರಣದಲ್ಲಿ ತೀರ್ಮಾನವಾಗಿದೆ. ತಾಳಿ ಕಟ್ಟಿದ್ದಕ್ಕೆ ಸಾಕ್ಷಿ ಎಂದೇ ಆ ಗುಡಿಯ ಫೋಟೋಗೆ ಅಷ್ಟು ಬೆಲೆ.

ಮಗನ ಪಾಲು ಕೇಳಿದಾಗ ಎದುರು ಪಕ್ಷದವರು, ಅಂದರೆ ಸಾಹುಕಾರರ ಮನೆಯವರು, ಹಿಡಿದದ್ದು ಆಕೆಯ ನಡತೆಯನ್ನು. ಆಕೆಗೆ ಇನ್ನೊಬ್ಬನ ಜೊತೆ ಪ್ರೀತಿ ಇತ್ತು, ಮಗು ಸಾಹುಕಾರರದ್ದೇ ಅಲ್ಲ ಎಂದರು. ಪ್ರೀತಿ ಇದ್ದದ್ದು ನಿಜ. ಆಕೆ ನನ್ನ ಹತ್ತಿರ ತಲೆ ತಗ್ಗಿಸದೆ ಹೇಳಿದ್ದರು. ವಾರಕ್ಕೊಮ್ಮೆ ಜೀಪು ಬರುವುದನ್ನು ಕಾಯುತ್ತಾ ಕೂತವರಿಗೆ ಮನಸ್ಸು ಇರುವುದಿಲ್ಲವೇ? ಆದರೆ ಅದು ಶುರುವಾದಾಗ ಹುಡುಗನಿಗೆ ಆರು ವರ್ಷ. ಶಾಲೆಗೆ ಸೇರಿಸಿದ್ದು ಅದಕ್ಕೂ ಮೊದಲು. ಅರ್ಜಿಯಲ್ಲಿ 'ತಂದೆ' ಎಂದಿರುವ ಜಾಗದಲ್ಲಿ ಸಾಹುಕಾರರ ಹೆಸರು, ಕೆಳಗೆ ಅವರದೇ ಸಹಿ.

"ಮನೆ ನಿನ್ನ ಹೆಸರಿಗೆ ಮಾಡ್ತೀನಿ ಅಂದಿದ್ರು" ಎಂದು ಎಷ್ಟು ಜನ ನನ್ನ ಮುಂದೆ ಅತ್ತಿದ್ದಾರೋ. ಮನೆ ದಾನಪತ್ರ ನೋಂದಣಿ ಆಗಿರಬೇಕು, ಇಬ್ಬರು ಸಾಕ್ಷಿ ಬೇಕು. ವಿಲ್‌ಗೆ ನೋಂದಣಿ ಕಡ್ಡಾಯವಲ್ಲ, ಇಬ್ಬರು ಸಾಕ್ಷಿಗಳು ಸಾಕು. ಒಂದು ಮಧ್ಯಾಹ್ನದ ಕೆಲಸ. ಇವರ ಸಾಹುಕಾರರು ಅದನ್ನೂ ಮಾಡಿರಲಿಲ್ಲ.

ಜೆರಾಕ್ಸ್ ನಂಬುವುದಿಲ್ಲ ಎಂದು ಎದುರು ವಕೀಲರು ಹಟ ಹಿಡಿದಿದ್ದಾರೆ. ಶಾಲೆಯಿಂದ ಮೂಲ ಅರ್ಜಿಯನ್ನೇ ತರಿಸಿ ಎಂದು ನಾವು ಕೋರ್ಟನ್ನು ಕೇಳಿದ್ದೇವೆ.