ಗಡ್ಡಪ್ಪನ ಟ್ಯಾಂಕಿಗೆ ಎಷ್ಟು ಡಿಗ್ರಿ ಬಿಸಿ ಬೇಕು?

ಪ್ರಶ್ನೆ: ನಾವಿರುವುದು ಚಿಕಾಗೊ ಹತ್ತಿರ. ಮಗಳು ಒಂದು ವರ್ಷ ಹಟ ಹಿಡಿದ ಮೇಲೆ ಬಿಯರ್ಡೆಡ್ ಡ್ರ್ಯಾಗನ್ ಅನ್ನುವ ಸಾಕು ಹಲ್ಲಿ ತಂದೆವು. ಹೆಸರು ಗಡ್ಡಪ್ಪ. ದೊಡ್ಡದೇ, ಎರಡು ವರ್ಷದ್ದು. ಟ್ಯಾಂಕ್ ಬೇಸ್‌ಮೆಂಟಿನಲ್ಲಿದೆ. ಗಾಜಿಗೆ ಅಂಟಿಸಿದ ಥರ್ಮಾಮೀಟರ್ ಸರಿಯಾಗಿ 90 ಫ್ಯಾರನ್‌ಹೀಟ್ ತೋರಿಸುತ್ತದೆ. ಅಂಗಡಿಯವರು ಹೇಳಿದ್ದೂ ಅಷ್ಟೇ. ಆದರೂ ಹತ್ತು ದಿನದಿಂದ ಊಟ ಕಡಿಮೆಯಾಗಿದೆ. ಇಡೀ ದಿನ ಲೈಟಿನ ಕೆಳಗೇ ಬಿದ್ದಿರುತ್ತಾನೆ. ನಿಜವಾಗಿ ಎಷ್ಟು ಡಿಗ್ರಿ ಇಡಬೇಕು? ರಾತ್ರಿಯೂ ಲೈಟ್ ಬೇಕಾ?

ಉತ್ತರ: ಒಂದೇ ಒಂದು ಅಂಕಿ ಹೇಳಿಬಿಟ್ಟರೆ ನಿಮಗೂ ಸಮಾಧಾನ, ನನಗೂ ಕೆಲಸ ಕಡಿಮೆ. ಆದರೆ ಅಂಗಡಿಯವರು ಮಾಡಿದ್ದು ಅದನ್ನೇ, ಎಡವಟ್ಟಾಗಿದ್ದೂ ಅಲ್ಲೇ. ಈ ಪ್ರಾಣಿಯ ಟ್ಯಾಂಕಿಗೆ ‘ಇಷ್ಟು ಡಿಗ್ರಿ’ ಅಂತ ಒಂದು ಲೆಕ್ಕ ಇರಬಾರದು. ಒಂದು ತುದಿಯಲ್ಲಿ ಚುರುಗುಟ್ಟುವ ಬಿಸಿಲು, ಇನ್ನೊಂದು ತುದಿಯಲ್ಲಿ ಮರದ ನೆರಳು, ನಡುವೆ ಎರಡರ ಮಧ್ಯದ ಜಾಗ. ಎಲ್ಲಿ, ಎಷ್ಟು ಹೊತ್ತು ಕೂರಬೇಕು ಅನ್ನುವುದು ಗಡ್ಡಪ್ಪನಿಗೆ ಬಿಟ್ಟದ್ದು.

ಊರಿನಲ್ಲಿ ಬೇಲಿ ಮೇಲಿನ ಓತಿಕ್ಯಾತವನ್ನು ನೋಡಿದ್ದೀರಲ್ವಾ? ಬೆಳಿಗ್ಗೆ ಬಿಸಿಲು ಬಿದ್ದ ಕಡೆ ಗೂಟ ಹತ್ತಿ ಕೂರುತ್ತದೆ, ತಲೆ ಆಡಿಸುತ್ತದೆ, ಹೊತ್ತೇರಿದ ಮೇಲೆ ಮಾಯ. ನಿಮ್ಮ ಗಡ್ಡಪ್ಪ ಅದರ ದಾಯಾದಿ. ಎರಡೂ ಅಗಾಮಿಡೇ ಅನ್ನುವ ಒಂದೇ ಕುಟುಂಬಕ್ಕೆ ಸೇರಿದವು. ನಂದಿ ಬೆಟ್ಟದ ಬಂಡೆಗಳ ಮೇಲೆ ಕೆಂಪು ಕಪ್ಪು ಬಣ್ಣ ಬಳಿದುಕೊಂಡು ಕೂರುತ್ತದಲ್ಲ, ಅದೂ ಅದೇ ವಂಶ. ‘ಓತಿಕ್ಯಾತಕ್ಕೆ ಬೇಲಿ ಸಾಕ್ಷಿ’ ಅನ್ನುವ ಗಾದೆಯನ್ನು ನಾವು ಬೇರೆ ಅರ್ಥದಲ್ಲಿ ಹೇಳುತ್ತೇವೆ. ಇಲ್ಲಿ ಮಾತ್ರ ಅದು ಅಕ್ಷರಶಃ ನಿಜ. ಗಡ್ಡಪ್ಪನ ಮೂಲ ಊರು ಆಸ್ಟ್ರೇಲಿಯಾದ ಒಳನಾಡು: ಕ್ವೀನ್ಸ್‌ಲ್ಯಾಂಡ್, ನ್ಯೂ ಸೌತ್ ವೇಲ್ಸ್ ಕಡೆಯ ಒಣ ಬಯಲು, ಕುರುಚಲು ಕಾಡು. ಅಲ್ಲಿಯೂ ಇವು ರಸ್ತೆ ಬದಿಯ ಬೇಲಿ ಗೂಟಗಳ ಮೇಲೆಯೇ ಕೂರುತ್ತವೆ.

ಇವು ಮೈಯೊಳಗೆ ಬಿಸಿ ಹುಟ್ಟಿಸಿಕೊಳ್ಳುವ ಪ್ರಾಣಿಗಳಲ್ಲ. ಬಿಸಿ ಹೊರಗಿನಿಂದ ಬರಬೇಕು. ಚಳಿಗಾಲದಲ್ಲಿ ಅಜ್ಜಿ ಜಗಲಿ ಮೇಲೆ ಎಳೆಬಿಸಿಲಿಗೆ ಬೆನ್ನು ಕೊಟ್ಟು ಕೂತು, ಬಿಸಿಲು ಬಲಿತ ಹಾಗೆ ನೆರಳಿಗೆ ಸರಿಯುತ್ತಿದ್ದರಲ್ಲ, ಹಾಗೆ ದಿನವಿಡೀ ಸರಿದಾಡುತ್ತಾ ಇವು ಮೈಯನ್ನು 35 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ಇಟ್ಟುಕೊಳ್ಳುತ್ತವೆ. ಸರಿದಾಡಲು ಜಾಗವೇ ಇಲ್ಲದಿದ್ದರೆ, ಅಥವಾ ಎಲ್ಲಿ ಹೋದರೂ ಒಂದೇ ಬಿಸಿ ಇದ್ದರೆ, ಈ ಜಾಣತನ ಕೆಲಸಕ್ಕೆ ಬರುವುದಿಲ್ಲ.

ಈಗ ಅಂಕಿಗಳಿಗೆ ಬರೋಣ. ನೀವು ಅಮೆರಿಕದಲ್ಲಿ ಇರುವುದರಿಂದ ಫ್ಯಾರನ್‌ಹೀಟ್ ಕೂಡ ಹೇಳುತ್ತೇನೆ. ಮೈ ಕಾಯಿಸುವ ಕಲ್ಲಿನ ಅಥವಾ ಕೊರಡಿನ ಮೇಲ್ಮೈ 38ರಿಂದ 42 ಡಿಗ್ರಿ ಸೆಲ್ಸಿಯಸ್, ಅಂದರೆ 100ರಿಂದ 108 ಫ್ಯಾರನ್‌ಹೀಟ್. ತಂಪು ತುದಿಯ ಗಾಳಿ 24ರಿಂದ 27, ಅಂದರೆ 75ರಿಂದ 80. ರಾತ್ರಿ ಇಡೀ ಟ್ಯಾಂಕ್ 18ರಿಂದ 24ಕ್ಕೆ, ಅಂದರೆ 65ರಿಂದ 75ಕ್ಕೆ, ಇಳಿದರೆ ಏನೂ ತೊಂದರೆಯಿಲ್ಲ. ಮರಿಗಳಿಗೆ ಮೈ ಕಾಯಿಸುವ ಜಾಗ ಮೇಲಿನ ಅಂಕಿಯ ಕಡೆಗೇ ಇರಲಿ.

ನಿಮ್ಮ 90 ಅಂದರೆ 32 ಸೆಲ್ಸಿಯಸ್. ಅದು ಕಲ್ಲಿನ ಬಿಸಿಯಾಗಿದ್ದರೆ ತೀರಾ ಕಡಿಮೆ. ತಂಪು ತುದಿಯ ಬಿಸಿಯಾಗಿದ್ದರೆ ತೀರಾ ಜಾಸ್ತಿ. ಥರ್ಮಾಮೀಟರ್ ಯಾವುದರ ಬಿಸಿ ಹೇಳುತ್ತಿದೆ? ಎರಡೂ ಅಲ್ಲ. ಅದು ಅಂಟಿಕೊಂಡಿರುವ ಗಾಜಿನ ಬಿಸಿಯನ್ನು ಹೇಳುತ್ತಿದೆ. ಗಡ್ಡಪ್ಪ ಗಾಜಿನ ಮೇಲೆ ಕೂರುವುದಿಲ್ಲವಲ್ಲ!

ಇದರಲ್ಲಿ ನಾನೂ ಮುಗ್ಗರಿಸಿದ್ದೇನೆ. ನಮ್ಮಲ್ಲಿಗೆ ಮೊದಲನೆಯದು ಬಂದಾಗ ಮುಳ್ಳು ತಿರುಗುವ ಗಡಿಯಾರದಂಥ ಥರ್ಮಾಮೀಟರ್ ಅಂಟಿಸಿದ್ದೆ. ಅದು 95 ತೋರಿಸುತ್ತಿತ್ತು, ನಾನು ನಿಶ್ಚಿಂತೆಯಿಂದಿದ್ದೆ. ಅವನೋ ಲೈಟಿನಿಂದ ದೂರದ ಮೂಲೆಯಲ್ಲಿ ಬಾಯಿ ತೆರೆದುಕೊಂಡು ಕೂರುತ್ತಿದ್ದ. ‘ನೋಡು, ನಗ್ತಿದಾನೆ’ ಅಂತ ಮಕ್ಕಳು ಫೋಟೊ ಬೇರೆ ತೆಗೆದರು. ಆಮೇಲೆ ಗೆಳೆಯನೊಬ್ಬ ದೂರದಿಂದಲೇ ಬಿಸಿ ಅಳೆಯುವ ಇನ್‌ಫ್ರಾರೆಡ್ ಗನ್ ತಂದು ಕಲ್ಲಿಗೆ ಹಿಡಿದ. 126 ಫ್ಯಾರನ್‌ಹೀಟ್, ಅಂದರೆ 52 ಸೆಲ್ಸಿಯಸ್! ದೋಸೆ ಹುಯ್ಯುವುದೊಂದು ಬಾಕಿ. ಪಾಪ, ಅವನು ನಗುತ್ತಿರಲಿಲ್ಲ. ಬೆವರುವ ವ್ಯವಸ್ಥೆ ಇಲ್ಲದ ಮೈಯಿಂದ ಬಿಸಿ ಹೊರಹಾಕುತ್ತಿದ್ದ. ಮೈ ಕಾಯಿಸುವ ಕಲ್ಲಿನ ಮೇಲೆ ಸ್ವಲ್ಪ ಹೊತ್ತು ಬಾಯಿ ತೆರೆದರೆ ಅದು ಸಹಜ, ಮೈ ಸಾಕಷ್ಟು ಕಾದಿದೆ ಅಂತ ಅರ್ಥ. ತಂಪು ಮೂಲೆಗೆ ಹೋಗಿಯೂ ಬಾಯಿ ತೆರೆದೇ ಇದ್ದರೆ ಟ್ಯಾಂಕಿನಲ್ಲಿ ತಂಪು ಅನ್ನುವುದೇ ಉಳಿದಿಲ್ಲ.

ಹಾಗಾಗಿ ಮೊದಲು ಎರಡು ಸಾಮಾನು ತನ್ನಿ. ಕಲ್ಲಿನ ಮೇಲ್ಮೈಗೆ ಇನ್‌ಫ್ರಾರೆಡ್ ಗನ್. ಗಾಳಿಗೆ ವೈರಿನ ತುದಿಯಲ್ಲಿ ಪ್ರೋಬ್ ಇರುವ ಡಿಜಿಟಲ್ ಥರ್ಮಾಮೀಟರ್, ತಂಪು ತುದಿಯಲ್ಲಿ, ಪ್ರಾಣಿ ಕೂರುವ ಎತ್ತರಕ್ಕೆ. ಗನ್ನಿನಿಂದ ಗಾಳಿಯ ಬಿಸಿ ಅಳೆಯಲು ಆಗುವುದಿಲ್ಲ, ಅದು ಮೇಲ್ಮೈಯನ್ನು ಮಾತ್ರ ಓದುತ್ತದೆ. ಲೈಟ್ ಹಾಕಿದ ತಕ್ಷಣ ಅಳೆಯಬೇಡಿ. ಕಲ್ಲು ಕಾಯಲು ಒಂದೆರಡು ಗಂಟೆ ಬೇಕು. ಇನ್ನೊಂದು ಸೂಕ್ಷ್ಮ: ದೊಡ್ಡ ಪ್ರಾಣಿ ಕಲ್ಲಿನ ಮೇಲೆ ಕೂತಾಗ ಅದರ ಬೆನ್ನು ಬಲ್ಬಿಗೆ ಇನ್ನೂ ಹತ್ತಿರ. ಕಲ್ಲು 42 ಸೆಲ್ಸಿಯಸ್ ಇದ್ದರೆ ಬೆನ್ನಿಗೆ ಬೀಳುವ ಬಿಸಿ ಅದಕ್ಕಿಂತ ಜಾಸ್ತಿ. ಗಡ್ಡಪ್ಪ ದೊಡ್ಡವನು ಅನ್ನುತ್ತೀರಿ. ಕಲ್ಲು 40ರ ಹತ್ತಿರ ನಿಂತರೆ ಸಾಕು.

ಬಲ್ಬಿನ ಆಯ್ಕೆಯಲ್ಲಿ ಬಹಳ ಜನ ಎಡವುತ್ತಾರೆ. ಎಲ್‌ಇಡಿ ಬಲ್ಬು ಬಿಸಿಗೆ ಪ್ರಯೋಜನವಿಲ್ಲ. ಡಬ್ಬಿಯ ಮೇಲೆ ‘75 ವ್ಯಾಟ್‌ಗೆ ಸಮ’ ಅಂತ ಬರೆದಿರುತ್ತದೆ, ಆದರೆ ಆ ಸಮ ಬೆಳಕಿನ ಲೆಕ್ಕದ್ದು, ಬಿಸಿಯದ್ದಲ್ಲ. ನನ್ನ ಮಟ್ಟಿಗೆ ಬಿಳಿ ಬೆಳಕಿನ ಹ್ಯಾಲೊಜೆನ್ ಫ್ಲಡ್ ಬಲ್ಬು ಒಳ್ಳೆಯದು. ಅಮೆರಿಕದಲ್ಲಿ 2023ರವರೆಗೆ ಹಾರ್ಡ್‌ವೇರ್ ಅಂಗಡಿಯದ್ದೇ ಆಗುತ್ತಿತ್ತು, ಹಲ್ಲಿಯ ಚಿತ್ರ ಇರುವ ಡಬ್ಬಿಗೆ ಮೂರು ಪಟ್ಟು ದುಡ್ಡು ಕೊಡಬೇಕಿರಲಿಲ್ಲ. ಸ್ಪಾಟ್ ಬಲ್ಬು ಬೇಡ. ಅದರ ಕಿರಿದಾದ ಬೆಳಕು ಬೆನ್ನಿನ ನಡುವೆ ಒಂದೇ ಕಡೆ ಚುಚ್ಚುತ್ತದೆ, ಕಾಲು ಬಾಲ ತಣ್ಣಗೇ ಉಳಿಯುತ್ತವೆ. ಇಡೀ ಮೈ ಒಟ್ಟಿಗೆ ಕಾಯಬೇಕು. ಬಿಸಿ ಹೆಚ್ಚು ಕಡಿಮೆ ಮಾಡಲು ಡಿಮ್ಮರ್, ಅಥವಾ ಡಿಮ್ಮಿಂಗ್ ಥರ್ಮೋಸ್ಟಾಟ್ ಹಾಕಿ. ಡಿಮ್ಮರ್ ಇಲ್ಲದಿದ್ದರೆ ಕಲ್ಲಿನ ಕೆಳಗೆ ಒಂದು ಹಲಗೆ ಇಡಿ ಅಥವಾ ತೆಗೆಯಿರಿ. ಎರಡು ಇಂಚಿಗೂ ಕಲ್ಲಿನ ಬಿಸಿ ಎದ್ದು ಕಾಣುವಷ್ಟು ಬದಲಾಗುತ್ತದೆ. ಬಲ್ಬು ಪ್ರಾಣಿಯ ಕೈಗೆ ಸಿಗಬಾರದು, ಹೋಲ್ಡರ್ ಸೆರಾಮಿಕ್ಕಿನದೇ ಇರಲಿ.

ಒಳಗೆ ಹೀಟರ್ ಇರುವ ‘ಹೀಟ್ ರಾಕ್’ ಅಂತ ಮಾರುತ್ತಾರೆ. ದಯವಿಟ್ಟು ತರಬೇಡಿ. ಇವುಗಳಿಗೆ ಬಿಸಿ ಅಂದರೆ ಮೇಲಿನಿಂದ ಬರುವ ಸೂರ್ಯ. ತಲೆಯ ಮೇಲೆ ಬೆಳಕು ಗುರುತಿಸುವ ಸಣ್ಣ ಮೂರನೇ ಕಣ್ಣೂ ಇದೆ. ಹೊಟ್ಟೆ ಕೆಳಗೆ ಕಲ್ಲು ಸುಡುತ್ತಿದ್ದರೂ ಎದ್ದು ಹೋಗದೆ ಕೂತು, ಹೊಟ್ಟೆ ಸುಟ್ಟುಕೊಂಡ ಪ್ರಾಣಿಗಳು ಎಷ್ಟೋ.

ಟ್ಯಾಂಕ್ ಎಷ್ಟು ದೊಡ್ಡದು ಅಂತ ನೀವು ಬರೆದಿಲ್ಲ. ನಾಲ್ಕು ಅಡಿ ಉದ್ದ, ಎರಡು ಅಡಿ ಅಗಲ, ಎರಡು ಅಡಿ ಎತ್ತರ ಅನ್ನುವುದು ಬೆಳೆದ ಪ್ರಾಣಿಗೆ ಕನಿಷ್ಠ. ಎರಡೂವರೆ ಅಡಿಯ ಮೀನಿನ ತೊಟ್ಟಿಯಲ್ಲಿ ಏನು ಸರ್ಕಸ್ ಮಾಡಿದರೂ ಒಂದು ಕಡೆ 40, ಇನ್ನೊಂದು ಕಡೆ 25 ನಿಲ್ಲಿಸುವುದು ಕಷ್ಟ. ಬಿಸಿ ಕಡೆ ಸರಿ ಮಾಡಿದರೆ ತಂಪು ಕಡೆ ಬೇಯುತ್ತದೆ, ತಂಪು ಕಡೆ ಸರಿ ಮಾಡಿದರೆ ಬಿಸಿ ಕಡೆ ಆರುತ್ತದೆ. ಕಿಟಕಿ ಪಕ್ಕಕ್ಕೂ ಇಡಬೇಡಿ. ಚಳಿಗಾಲದಲ್ಲಿ ಥಂಡಿ, ಬಿಸಿಲು ನೇರ ಬಿದ್ದ ದಿನ ಗಾಜಿನ ತೊಟ್ಟಿ ಬಿಸಿಲಲ್ಲಿ ನಿಲ್ಲಿಸಿದ ಕಾರಿನ ಹಾಗೆ ಕಾಯುತ್ತದೆ. ಆ ಬಿಸಿಲಿನಿಂದ ಯುವಿಬಿ ಅನ್ನುವ ಅತಿನೇರಳೆ ಕಿರಣ ಕೂಡ ಸಿಗುವುದಿಲ್ಲ, ಗಾಜು ತಡೆದುಬಿಡುತ್ತದೆ. ಯುವಿಬಿಗೆ ಬೇರೆಯೇ ಟಿ5 ಟ್ಯೂಬ್ ಬೇಕು, ಬಿಸಿ ಕಡೆಯಲ್ಲೇ. ಚರ್ಮದಲ್ಲಿ ಡಿ3 ವಿಟಮಿನ್ ಆಗಲು ಬೆಳಕೂ ಬೇಕು, ಬಿಸಿಯೂ ಬೇಕು. ಯುವಿಬಿ ವಿಷಯ ಬರೆದರೆ ಇಷ್ಟೇ ಉದ್ದ ಆಗುತ್ತದೆ, ಅದು ಇನ್ನೊಮ್ಮೆ.

ಊಟಕ್ಕೂ ಬಿಸಿಗೂ ಏನು ಸಂಬಂಧ ಅಂದರೆ, ಈ ಪ್ರಾಣಿಯ ಜೀರ್ಣಶಕ್ತಿ ಅದರ ಮೈ ಬಿಸಿಯ ಕೈಯಲ್ಲಿದೆ. ಮೈ ತಣ್ಣಗಿದ್ದರೆ ಹೊಟ್ಟೆಯ ಕೆಲಸ ನಿಧಾನವಾಗುತ್ತದೆ. ತಿಂದದ್ದು ಅಲ್ಲೇ ಕೂರುತ್ತದೆ, ಹಿಕ್ಕೆ ಹಾಕುವುದು ನಿಲ್ಲುತ್ತದೆ, ಹಸಿವು ಸಾಯುತ್ತದೆ. ಇಡೀ ದಿನ ಲೈಟಿನ ಕೆಳಗೇ ಬಿದ್ದಿರುತ್ತಾನೆ ಅಂದಿರಲ್ಲ, ನನಗೆ ಅನುಮಾನ ಬಂದಿದ್ದು ಅದರಿಂದಲೇ. ಬಿಸಿ ಸಾಕಾದ ಪ್ರಾಣಿ ಎದ್ದು ಓಡಾಡುತ್ತದೆ. ಸಾಲದ್ದು ಲೈಟ್ ಬಿಟ್ಟು ಕದಲುವುದಿಲ್ಲ. ಮೈ ಬಣ್ಣ ದಿನವೆಲ್ಲ ಕಪ್ಪಗಿದೆಯಾ ನೋಡಿ. ಬೆಳಿಗ್ಗೆ ಮೈ ಕಪ್ಪಾಗುವುದು ಬಿಸಿ ಬೇಗ ಹೀರಲಿ ಅಂತ. ಕಾದ ಮೇಲೆ ಬಣ್ಣ ತಿಳಿಯಾಗಬೇಕು. ಬಲ್ಬು ಸರಿಯಾಗುವವರೆಗೆ ಹುಳ ಕೊಡುವುದು ಕಡಿಮೆ ಮಾಡಿ. ಸಂಜೆ ಲೈಟ್ ಆರುವ ಮುಂಚಿನ ಎರಡು ಗಂಟೆ ಏನೂ ಬೇಡ. (ಕ್ರಿಕೆಟ್ ಹುಳ, ಜಿರಳೆ ಡಬ್ಬಿಯನ್ನು ಅಡುಗೆಮನೆಗೆ ತರಬೇಡಿ ಅಂತ ನಿಮ್ಮ ಮನೆಯಲ್ಲೂ ಜಗಳ ಆಗಿರಬೇಕು. ನಮ್ಮತ್ತೆ ಬಂದಾಗಲೆಲ್ಲ ಆ ಡಬ್ಬಿ ಗ್ಯಾರೇಜಿಗೆ ವರ್ಗ ಆಗುತ್ತದೆ.)

ಬಿಸಿ ಇವುಗಳ ಬದುಕಿನಲ್ಲಿ ಎಷ್ಟು ಆಳಕ್ಕೆ ಇಳಿದಿದೆ ಅನ್ನುವುದಕ್ಕೆ ಒಂದು ಮಾತು ಹೇಳಲೇಬೇಕು. ತತ್ತಿಗಳು 32 ಡಿಗ್ರಿ ಸೆಲ್ಸಿಯಸ್‌ಗಿಂತ ಜಾಸ್ತಿ ಬಿಸಿಯಲ್ಲಿದ್ದರೆ, ಕ್ರೋಮೋಸೋಮಿನ ಪ್ರಕಾರ ಗಂಡಾಗಬೇಕಾದ ಮರಿ ಹೆಣ್ಣಾಗಿ ಹೊರಬರಬಹುದು. ಆ ಹೆಣ್ಣು ತತ್ತಿಯನ್ನೂ ಇಡುತ್ತದೆ. ಆಸ್ಟ್ರೇಲಿಯಾದ ಬಯಲಿನಲ್ಲಿ, ಕಾಡು ಪ್ರಾಣಿಗಳಲ್ಲೇ ಹೀಗಾಗುತ್ತಿದೆ ಅಂತ ಕ್ಯಾನ್‌ಬೆರಾ ವಿಶ್ವವಿದ್ಯಾಲಯದ ಸಂಶೋಧಕರು 2015ರಲ್ಲಿ ತೋರಿಸಿದರು.

ಇನ್ನು ರಾತ್ರಿಯ ಪ್ರಶ್ನೆ. ಲೈಟ್ ಬೇಡ. ಯಾವ ಬಣ್ಣದ್ದೂ ಬೇಡ. ‘ಕೆಂಪು ಬೆಳಕು ಇವಕ್ಕೆ ಕಾಣಿಸಲ್ಲ’ ಅಂತ ಅಂಗಡಿಯಲ್ಲಿ ಹೇಳುತ್ತಾರೆ. ಕಾಣಿಸುತ್ತದೆ, ನಿದ್ದೆ ಕೆಡುತ್ತದೆ. ಟೈಮರ್ ಹಾಕಿ, ಬೇಸಿಗೆಯಲ್ಲಿ 13–14 ಗಂಟೆ, ಚಳಿಗಾಲದಲ್ಲಿ 10–11 ಗಂಟೆ ಲೈಟ್ ಉರಿಯಲಿ, ಆಮೇಲೆ ಪೂರ್ತಿ ಕತ್ತಲೆ. ರಾತ್ರಿ ತಣ್ಣಗಾಗುವುದು ಅವುಗಳ ಊರಿನಲ್ಲೂ ಇದ್ದದ್ದೇ. ಆದರೆ ನಿಮ್ಮದು ಬೇಸ್‌ಮೆಂಟು, ಚಿಕಾಗೊ ಚಳಿ. ಬೆಳಗಿನ ಜಾವ ಒಮ್ಮೆ ಇಳಿದು ನೋಡಿ. ಟ್ಯಾಂಕಿನ ಒಳಗೆ 65 ಫ್ಯಾರನ್‌ಹೀಟ್‌ಗಿಂತ ಕೆಳಗಿದ್ದರೆ ಬೆಳಕು ಕೊಡದೆ ಬಿಸಿ ಮಾತ್ರ ಕೊಡುವ ಸೆರಾಮಿಕ್ ಹೀಟ್ ಎಮಿಟರ್ ಹಾಕಿ, ಥರ್ಮೋಸ್ಟಾಟ್ ಜೊತೆಗೆ. ಥರ್ಮೋಸ್ಟಾಟ್ ಇಲ್ಲದೆ ಅದನ್ನು ಹಾಕಲೇಬೇಡಿ. ಟ್ಯಾಂಕನ್ನೇ ಮಹಡಿಗೆ ತರಲು ಆದರೆ ಇನ್ನೂ ಸುಲಭ.

ಕರೆಂಟ್ ಹೋದರೆ? ನಾನಿರುವುದು ಟೆಕ್ಸಸ್‌ನಲ್ಲಿ. 2021ರ ಫೆಬ್ರುವರಿ ಹಿಮಗಾಳಿಯಲ್ಲಿ ಕರೆಂಟ್ ಹೋಗಿ ಮನೆಯೊಳಗೇ ಸ್ವೆಟರ್ ಮೇಲೆ ಸ್ವೆಟರ್ ಹಾಕಿ ಕೂತಿದ್ದೆವು. ಪುಣ್ಯಕ್ಕೆ ಗ್ಯಾಸ್ ಒಲೆ ಇತ್ತು. ಬಾಟಲಿಗೆ ಬಿಸಿನೀರು ತುಂಬಿ, ಟವೆಲ್ ಸುತ್ತಿ, ಗಾಳಿಯಾಡುವ ಸಣ್ಣ ರಟ್ಟಿನ ಡಬ್ಬಿಯಲ್ಲಿ ನಮ್ಮ ಡ್ರ್ಯಾಗನ್ ಪಕ್ಕಕ್ಕಿಟ್ಟು, ಮೇಲೆ ಕಂಬಳಿ ಹೊದೆಸಿದೆವು. ನೀರು ಆರಿದ ಹಾಗೆ ಬದಲಿಸಿದೆವು. ಊಟ ಕೊಡಲಿಲ್ಲ, ಮೈ ತಣ್ಣಗಿರುವಾಗ ಕೊಡಲೂಬಾರದು. ಎರಡನೇ ದಿನ ಮಗ ಅವನನ್ನು ಜಾಕೆಟಿನೊಳಗೆ ಹಾಕಿಕೊಂಡು ಓಡಾಡಿದ. ಇಬ್ಬರಿಗೂ ಬೆಚ್ಚಗಾಯಿತು.

ಚಳಿಗಾಲದಲ್ಲಿ ಬಿಸಿ ಎಲ್ಲ ಸರಿಯಿದ್ದರೂ ದೊಡ್ಡ ಪ್ರಾಣಿಗಳು ಊಟ ಬಿಟ್ಟು ವಾರಗಟ್ಟಲೆ ಮಲಗುವುದುಂಟು. ಅದಕ್ಕೆ ಬ್ರೂಮೇಶನ್ ಅನ್ನುತ್ತಾರೆ. ಆದರೆ ಅಳೆದು ನೋಡದೆ ‘ಸುಮ್ನೆ ಮಲಗಿದೆ’ ಅಂದುಕೊಳ್ಳಬೇಡಿ. ಹುಷಾರಿಲ್ಲದ ಪ್ರಾಣಿಯೂ ಹಾಗೇ ಮಲಗುತ್ತದೆ. ತೂಕ ಇಳಿಯುತ್ತಿದ್ದರೆ, ಕಣ್ಣು ಗುಳಿ ಬಿದ್ದಿದ್ದರೆ, ಉಸಿರಾಡುವಾಗ ಗೊರಗೊರ ಸದ್ದು ಬಂದರೆ, ಕೈಕಾಲು ನಡುಗುತ್ತಿದ್ದರೆ ಬಲ್ಬು ತಿರುಗಿಸುತ್ತಾ ಕೂರದೆ, ಸರೀಸೃಪ ನೋಡುವ ವೆಟ್ ಹತ್ತಿರ ಹೋಗಿ.

ನಿಮ್ಮ ವಿಷಯದಲ್ಲಿ ಇವತ್ತೇ ಗನ್ ತಂದು ಕಲ್ಲು ಅಳೆಯಿರಿ. 90ರ ಹತ್ತಿರವೇ ಇದ್ದರೆ ಬಲ್ಬು ಬದಲಿಸಿ, ಅಥವಾ ಕಲ್ಲು ಸ್ವಲ್ಪ ಎತ್ತರಿಸಿ 104ಕ್ಕೆ ತನ್ನಿ. ತಂಪು ತುದಿ 80 ದಾಟಿಲ್ಲ ಅಂತ ಖಾತ್ರಿ ಮಾಡಿಕೊಳ್ಳಿ. ಮೂರ್ನಾಲ್ಕು ದಿನ ನೋಡಿ. ಬೆಳಿಗ್ಗೆ ಕಲ್ಲಿನ ಮೇಲೆ ಚಪ್ಪಟೆಯಾಗಿ ಹರಡಿಕೊಂಡು, ಹತ್ತು ಹನ್ನೊಂದು ಗಂಟೆಗೆ ತಾನಾಗಿ ಎದ್ದು ತಂಪು ಕಡೆಗೆ ನಡೆದರೆ, ಹುಳದ ಡಬ್ಬಿ ತೆಗೆಯಬಹುದು.